ಪಂಪ್‌ಸೆಟ್ಟಿನ ಉಚಿತ ಕರೆಂಟು: ಹಕ್ಕು ಎಲ್ಲಿಯವರೆಗೆ?

ಕರ್ನಾಟಕದಲ್ಲಿ 10 ಎಚ್‌ಪಿ (ಅಶ್ವಶಕ್ತಿ, ಅಂದರೆ ಮೋಟಾರಿನ ಸಾಮರ್ಥ್ಯದ ಅಳತೆ) ವರೆಗಿನ ನೀರಾವರಿ ಪಂಪ್‌ಸೆಟ್ಟಿಗೆ ರೈತರು ಕರೆಂಟಿನ ದುಡ್ಡು ಕಟ್ಟಬೇಕಿಲ್ಲ. ಇದು ಎಲ್ಲರಿಗೂ ಗೊತ್ತು. ಆದರೆ ‘ಇದು ರೈತರ ಕಾನೂನುಬದ್ಧ ಹಕ್ಕೇ?’ ಎಂದು ಪ್ರಶ್ನೆ ಬಂದರೆ ಥಟ್ಟನೆ ಹೌದು, ಇಲ್ಲ ಎಂದು ಹೇಳಬೇಡಿ. ಇಲ್ಲಿ ಎರಡು ವಿಷಯ ಸೇರಿಕೊಂಡಿವೆ. ಕರೆಂಟ್ ಸಿಗುವುದು ಒಂದು. ಅದರ ದುಡ್ಡು ಯಾರು ಕಟ್ಟುತ್ತಾರೆ ಅನ್ನುವುದು ಇನ್ನೊಂದು.

ಮೊದಲನೆಯದು ಗಟ್ಟಿಯಾದ ಹಕ್ಕು. 2003ರ ವಿದ್ಯುತ್ ಕಾಯ್ದೆಯ 43ನೇ ಸೆಕ್ಷನ್ ಪ್ರಕಾರ, ಅರ್ಜಿ ಹಾಕಿದವರಿಗೆ ವಿದ್ಯುತ್ ಕಂಪನಿ ಸಂಪರ್ಕ ಕೊಡಲೇಬೇಕು. ಮೂಲ ಕಾಯ್ದೆ ಕೊಟ್ಟ ಗಡುವು ಒಂದು ತಿಂಗಳು. ಹೊಸದಾಗಿ ಲೈನ್ ಎಳೆಯಬೇಕಿದ್ದರೆ ಸ್ವಲ್ಪ ಜಾಸ್ತಿ ಸಮಯ ಹಿಡಿಯಬಹುದು. ತಡ ಮಾಡಿದರೆ ಕಂಪನಿಗೆ ದಿನಕ್ಕೆ 1,000 ರೂಪಾಯಿವರೆಗೆ ದಂಡ ಬೀಳಬಹುದು. ಇನ್ನೊಂದು ಪದ ಗಮನಿಸಿ: ಸೆಕ್ಷನ್ ಬರೀ ‘ಮಾಲೀಕ’ ಎನ್ನುವುದಿಲ್ಲ, ‘ಅನುಭವದಲ್ಲಿರುವವರು’ ಎಂದೂ ಹೇಳುತ್ತದೆ. ಪಹಣಿ ತನ್ನ ಹೆಸರಿನಲ್ಲಿಲ್ಲದೆ ಉಳುಮೆ ಮಾಡುವ ಸಣ್ಣ ರೈತನಿಗೆ ಈ ಒಂದು ಪದ ತುಂಬಾ ದೊಡ್ಡದು.

ಎರಡನೆಯದು, ಅಂದರೆ ಉಚಿತ ಎಂಬುದು, ನಿಂತಿರುವುದು ಅದೇ ಕಾಯ್ದೆಯ 65ನೇ ಸೆಕ್ಷನ್ ಮೇಲೆ. ಒಂದು ಲೆಕ್ಕ ಹಾಕೋಣ. ಒಂದು ಎಚ್‌ಪಿ ಅಂದರೆ 746 ವ್ಯಾಟ್. 5 ಎಚ್‌ಪಿ ಮೋಟಾರು ದಿನಕ್ಕೆ 7 ಗಂಟೆ ಓಡಿದರೆ ಹತ್ತಿರಹತ್ತಿರ 26 ಯೂನಿಟ್ ಆಗುತ್ತದೆ. ಈ ಯೂನಿಟ್ಟಿಗೂ ಒಂದು ದರ ಇದೆ. ಅದನ್ನು ನಿಗದಿ ಮಾಡುವುದು ಸರ್ಕಾರವಲ್ಲ, ಕರ್ನಾಟಕ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗ. ರೈತರ ಪರವಾಗಿ ಆ ದುಡ್ಡನ್ನು ರಾಜ್ಯ ಸರ್ಕಾರ ಕಂಪನಿಗೆ ಕೊಡುತ್ತದೆ. ಅದನ್ನೂ ಮುಂಗಡವಾಗಿ ಕೊಡಬೇಕು. ಕೊಡದಿದ್ದರೆ ಉಚಿತ ಎನ್ನುವ ಸರ್ಕಾರದ ಆದೇಶ ಜಾರಿಯಲ್ಲಿ ಉಳಿಯುವುದಿಲ್ಲ, ಆಯೋಗದ ದರವೇ ಅನ್ವಯವಾಗುತ್ತದೆ. ಹಾಗಾಗಿ ಉಚಿತ ಕರೆಂಟು ಸುಮ್ನೆ ಬರುವ ದಾನವೂ ಅಲ್ಲ, ಕಾಯ್ದೆ ಕೊಟ್ಟ ಶಾಶ್ವತ ಹಕ್ಕೂ ಅಲ್ಲ. ಅದು ಪ್ರತಿ ವರ್ಷ ಬಜೆಟ್‌ನಲ್ಲಿ ಉಸಿರಾಡುವ ರಿಯಾಯಿತಿ. ದಿನಕ್ಕೆ ಎಷ್ಟು ಗಂಟೆ ಪಂಪ್‌ಸೆಟ್ ಓಡಿಸುವ ತ್ರೀ ಫೇಸ್ ಕರೆಂಟ್ ಕೊಡಬೇಕು ಅನ್ನುವುದೂ ಸರ್ಕಾರದ ತೀರ್ಮಾನವೇ.

ಈ ರಿಯಾಯಿತಿಗೆ ಅಳತೆಗೋಲು ಎಚ್‌ಪಿ, ಎಕರೆ ಅಲ್ಲ. ಮೋಟಾರಿನ ಮೇಲೆ ತಗಡಿನ ಪಟ್ಟಿ ಇರುತ್ತದೆ ಅಲ್ವಾ, ಅದರಲ್ಲಿ 7.5 ಎಂದಿದ್ದರೆ ಉಚಿತ, 12.5 ಎಂದಿದ್ದರೆ ದರ ಕಟ್ಟಬೇಕು. ಎರಡು ಎಕರೆಯವನಿಗೂ ಇಪ್ಪತ್ತು ಎಕರೆಯವನಿಗೂ ಒಂದೇ ನಿಯಮ. ಬೋರ್‌ವೆಲ್ಲೇ ಇಲ್ಲದ ಮಳೆಯಾಶ್ರಿತ ರೈತನಿಗೆ ಇದರಿಂದ ಏನೂ ಸಿಗುವುದಿಲ್ಲ. ಸಣ್ಣ ರೈತರ ಹೆಸರಿನಲ್ಲಿ ಕೊಡುವ ರಿಯಾಯಿತಿಯಲ್ಲಿ ಇದು ದೊಡ್ಡ ಕೊರತೆ ಎಂದೇ ನನಗೆ ಅನಿಸುತ್ತದೆ.

ಮೀಟರ್ ವಿಷಯ ಚಿಕ್ಕದು: 55ನೇ ಸೆಕ್ಷನ್ ಮೀಟರ್ ಕಡ್ಡಾಯ ಎನ್ನುತ್ತದೆ, ಆದರೂ ಬಹಳಷ್ಟು ಪಂಪ್‌ಸೆಟ್ಟುಗಳಿಗೆ ಮೀಟರ್ ಇಲ್ಲ. ಮೀಟರ್ ಹಾಕಿದ ಮಾತ್ರಕ್ಕೆ ರಿಯಾಯಿತಿ ಹೋಗುವುದಿಲ್ಲ.

ಬಾಕಿ ಇದೆ ಎಂದು ಲೈನ್ ಕತ್ತರಿಸಲು ಬಂದರೆ 56ನೇ ಸೆಕ್ಷನ್ ನೆನಪಿರಲಿ. 15 ದಿನ ಮೊದಲು ಲಿಖಿತ ನೋಟಿಸ್ ಕೊಟ್ಟಿರಬೇಕು. ಮೊತ್ತದ ಬಗ್ಗೆ ತಕರಾರಿದ್ದರೆ, ಕೇಳಿದ ಹಣ ಅಥವಾ ಹಿಂದಿನ ಆರು ತಿಂಗಳ ಸರಾಸರಿ, ಎರಡರಲ್ಲಿ ಕಡಿಮೆಯದನ್ನು ‘ಆಕ್ಷೇಪಣೆಯೊಂದಿಗೆ’ ಎಂದು ಬರೆದು ಕಟ್ಟಬಹುದು. ಆಗ ತಕರಾರು ಮುಗಿಯುವವರೆಗೆ ಕತ್ತರಿಸುವಂತಿಲ್ಲ.

ದೂರಿನ ದಾರಿ 42ನೇ ಸೆಕ್ಷನ್‌ನಲ್ಲಿದೆ: ಮೊದಲು ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆ, ಅಲ್ಲಿ ಪರಿಹಾರ ಸಿಗದಿದ್ದರೆ ಅದರ ಮೇಲಿನ ದೂರು ಕೇಳುವ ಅಧಿಕಾರಿ, ಅಂದರೆ ಒಂಬುಡ್ಸ್‌ಮನ್. ಆದರೆ ಟಿಸಿ (ಟ್ರಾನ್ಸ್‌ಫಾರ್ಮರ್) ಸುಟ್ಟು ಪೈರು ಒಣಗುತ್ತಿರುವಾಗ ಹೆಚ್ಚಿನವರು ಮಾಡುವುದು ಲೈನ್‌ಮನ್‌ಗೆ ಫೋನ್, ಅಷ್ಟೇ. ಅದಕ್ಕೆ ದಾಖಲೆ ಇರುವುದಿಲ್ಲ. ವಿದ್ಯುತ್ ಸಹಾಯವಾಣಿ 1912ಕ್ಕೆ ಕರೆ ಮಾಡಿ ದೂರಿನ ನಂಬರನ್ನು ನಿಮ್ಮ ಸಂಪರ್ಕದ ಆರ್‌ಆರ್ ನಂಬರಿನ ಪಕ್ಕದಲ್ಲೇ ಬರೆದಿಟ್ಟುಕೊಂಡರೆ, ಎಷ್ಟು ದಿನ ತಡವಾಯಿತು ಎಂದು ವೇದಿಕೆಯ ಮುಂದೆ ತೋರಿಸಲು ಒಂದು ತಾರೀಖು ಕೈಯಲ್ಲಿರುತ್ತದೆ.