ರೋಮ್ ನಗರದ ಬೋಕಿ ಗುಡ್ಡ

ರೋಮ್ ನಗರದ ದಕ್ಷಿಣಕ್ಕೆ, ಟೈಬರ್ ನದಿಯ ಸಮೀಪದಲ್ಲಿ, ಸುಮಾರು 35 ಮೀಟರ್ ಎತ್ತರದ ಒಂದು ಗುಡ್ಡವಿದೆ. ಮೈಮೇಲೆ ಹುಲ್ಲು, ಕುರುಚಲು ಗಿಡ, ನೆತ್ತಿಯಲ್ಲೊಂದು ಶಿಲುಬೆ. ಗೊತ್ತಿಲ್ಲದವರು ರೋಮಿನ ಹೆಸರಾಂತ ಏಳು ಗುಡ್ಡಗಳಲ್ಲಿ ಇದೂ ಒಂದೆಂದು ತಿಳಿದಾರು. ಆದರೆ ಹುಲ್ಲನ್ನು ಸರಿಸಿದರೆ ಅಲ್ಲಿ ಕಾಣುವುದು ಬೋಕಿ ಚೂರು. ಅದನ್ನು ಎತ್ತಿದರೆ ಕೆಳಗೆ ಇನ್ನೊಂದು ಬೋಕಿ, ಅದರ ಕೆಳಗೆ ಮತ್ತೊಂದು. ಬುಡದಿಂದ ತುದಿಯವರೆಗೆ ಇಡೀ ಗುಡ್ಡವೇ ಒಡೆದ ಮಡಕೆಗಳ ರಾಶಿ.

ಇದರ ಹೆಸರು ಮಾಂಟೆ ಟೆಸ್ಟಾಚಿಯೊ. ಲ್ಯಾಟಿನ್ನಿನಲ್ಲಿ ಟೆಸ್ಟಾ ಎಂದರೆ ಬೋಕಿ. ಬುಡದ ಸುತ್ತಳತೆ ಸುಮಾರು ಒಂದು ಕಿಲೋಮೀಟರ್. ಇಲ್ಲಿ ಒಡೆದು ಬಿದ್ದಿರುವ ಗುಡಾಣಗಳ ಸಂಖ್ಯೆ ಸುಮಾರು 5.3 ಕೋಟಿ ಎಂಬುದು ಹೆಚ್ಚಾಗಿ ಉಲ್ಲೇಖವಾಗುವ ಅಂದಾಜು. ಇದಕ್ಕಿಂತ ಕಡಿಮೆ ಹೇಳುವವರೂ ಇದ್ದಾರೆ. ಯಾವ ಲೆಕ್ಕ ಹಿಡಿದರೂ ಕೋಟಿಗಳ ಮಾತೇ. ರೋಮ್ ಎಂದೊಡನೆ ಕೊಲೊಸಿಯಂನ ಚಿತ್ರ ಕಣ್ಣಿಗೆ ಬರುತ್ತದೆ. ನನ್ನನ್ನು ಕೇಳಿದರೆ, ಆ ನಗರವನ್ನು ಅರಿಯಲು ಹೊರಟವರು ಮೊದಲು ಬರಬೇಕಾದದ್ದು ಈ ತಿಪ್ಪೆಗೆ.

ಇಲ್ಲಿನ ಚೂರುಗಳಲ್ಲಿ ಶೇಕಡಾ 80ಕ್ಕೂ ಹೆಚ್ಚು ಒಂದೇ ಬಗೆಯ ಗುಡಾಣದವು. ಹೊಟ್ಟೆ ಗುಂಡಗೆ, ಕತ್ತು ಗಿಡ್ಡ, ಎರಡು ಕಡೆ ದಪ್ಪನೆಯ ಹಿಡಿಗಳು. ಬರಿದಾಗಿದ್ದಾಗಲೇ 30 ಕೆ.ಜಿ. ತೂಗುತ್ತಿದ್ದ ಇದರಲ್ಲಿ 70 ಲೀಟರ್‌ನಷ್ಟು ಆಲಿವ್ ಎಣ್ಣೆ ಹಿಡಿಯುತ್ತಿತ್ತು. ತುಂಬಿದರೆ ಹೆಚ್ಚುಕಡಿಮೆ ಒಂದು ಕ್ವಿಂಟಾಲ್. ಬಂದದ್ದು ಇಂದಿನ ದಕ್ಷಿಣ ಸ್ಪೇನಿನಿಂದ, ಅಂದರೆ ರೋಮನ್ನರು ಬೆಟಿಕಾ ಎಂದು ಕರೆಯುತ್ತಿದ್ದ ಪ್ರಾಂತ್ಯದಿಂದ. ಗ್ವಾದಲ್‌ಕಿವಿರ್ ನದಿಯ ದಂಡೆಯಲ್ಲಿ ತೋಟ, ಗಾಣ, ಕುಂಬಾರರ ಆವಿಗೆಗಳೆಲ್ಲ ಅಕ್ಕಪಕ್ಕದಲ್ಲೇ ಇದ್ದವು. ಗುಡಾಣಗಳು ದೋಣಿಯಲ್ಲಿ ನದಿ ಇಳಿದು, ಹಡಗಿನಲ್ಲಿ ಸಮುದ್ರ ದಾಟಿ, ಮತ್ತೆ ದೋಣಿ ಹತ್ತಿ ಟೈಬರ್ ನದಿಯ ದಕ್ಕೆಗೆ ಬಂದಿಳಿಯುತ್ತಿದ್ದವು. ಉಳಿದ ಚೂರುಗಳಲ್ಲಿ ಹೆಚ್ಚಿನವು ಉತ್ತರ ಆಫ್ರಿಕಾದವು, ಇಂದಿನ ಲಿಬಿಯಾ ಮತ್ತು ಟುನೀಸಿಯಾ ಕಡೆಯವು.

ಇಷ್ಟು ದೂರ ಹೊತ್ತು ತಂದ ಗಟ್ಟಿ ಗುಡಾಣವನ್ನು ಒಡೆದು ಎಸೆದದ್ದೇಕೆ? ಎಣ್ಣೆ ತುಂಬಿಟ್ಟ ಮಣ್ಣಿನ ಗಡಿಗೆಯನ್ನು ಕಂಡವರಿಗೆ ಉತ್ತರ ಅರ್ಧ ಗೊತ್ತಿರುತ್ತದೆ. ಎಷ್ಟು ಉಜ್ಜಿದರೂ ಜಿಡ್ಡು ಹೋಗದು, ನಾಲ್ಕು ದಿನಕ್ಕೆ ಕಮಟು ವಾಸನೆ ಹೊಡೆಯುತ್ತದೆ. ಸುಟ್ಟ ಮಣ್ಣಿನ ಸೂಕ್ಷ್ಮ ರಂಧ್ರಗಳಲ್ಲಿ ಇಳಿದ ಎಣ್ಣೆ ಗಾಳಿಯ ಆಮ್ಲಜನಕದೊಡನೆ ವರ್ತಿಸಿ ಕೆಡುತ್ತದೆ. ದ್ರಾಕ್ಷಾರಸದ ಗುಡಾಣಗಳಿಗೆ ಒಳಗಡೆ ಮರದ ರಾಳ ಬಳಿಯುತ್ತಿದ್ದರು. ಎಣ್ಣೆಯ ಗುಡಾಣಕ್ಕೆ ಆ ಉಪಾಯ ನಡೆಯದು, ರಾಳ ಎಣ್ಣೆಯಲ್ಲಿ ಕರಗಿಬಿಡುತ್ತದೆ. ಬೇರೆ ಮಡಕೆಗಳ ಚೂರನ್ನಾದರೆ ಕುಟ್ಟಿ ಪುಡಿ ಮಾಡಿ ಸುಣ್ಣದ ಗಾರೆಗೆ ಬೆರೆಸುತ್ತಿದ್ದರು. ಕನ್ನಂಬಾಡಿ ಕಟ್ಟೆ ಕಟ್ಟುವಾಗ ಬಳಸಿದ ಸುರ್ಕಿ ಗಾರೆಯೂ ಇದೇ ಜಾತಿಯದು. ಎಣ್ಣೆ ಕುಡಿದ ಚೂರು ಮಾತ್ರ ಆ ಕೆಲಸಕ್ಕೂ ಒದಗುತ್ತಿರಲಿಲ್ಲವೆಂದು ಪುರಾತತ್ವಜ್ಞರು ವಿವರಿಸುತ್ತಾರೆ. ಉಳಿದದ್ದು ಒಂದೇ ದಾರಿ: ಎಸೆಯುವುದು.

ಎಸೆದದ್ದಾದರೂ ಅಚ್ಚುಕಟ್ಟಾಗಿ. ದೊಡ್ಡ ಚೂರುಗಳನ್ನು ಒಟ್ಟಿ ತಡೆಗೋಡೆ ಕಟ್ಟಿ, ಅದರ ಹಿಂದೆ ಸುರಿದು, ಮೆಟ್ಟಿಲು ಮೆಟ್ಟಿಲಾಗಿ ಮೇಲೇರಿಸಿದ್ದಾರೆ. ಒಂದೇ ಗುಡಾಣದ ಚೂರುಗಳು ಹಲವೆಡೆ ಒಟ್ಟೊಟ್ಟಿಗೇ ಸಿಗುವುದರಿಂದ, ಖಾಲಿ ಗುಡಾಣವನ್ನು ಇಡಿಯಾಗಿ, ಬಹುಶಃ ಕತ್ತೆಗಳ ಮೇಲೆ ಹೇರಿ, ಮೇಲಕ್ಕೆ ತಂದು ಅಲ್ಲಿಯೇ ಒಡೆಯುತ್ತಿದ್ದರೆಂದು ತಿಳಿಯುತ್ತದೆ. ವಾಸನೆ ತಡೆಯಲು ಮೇಲೆ ಸುಣ್ಣ ಚೆಲ್ಲುತ್ತಿದ್ದರು. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಎಂಬ ನಮ್ಮ ಗಾದೆ ಇಲ್ಲಿ ದಿನನಿತ್ಯದ ದುಡಿಮೆಯೇ ಆಗಿತ್ತು. ದೊಣ್ಣೆ ಹಿಡಿದವರಿಗೂ ಕೂಲಿ, ಮೇಲ್ವಿಚಾರಕ, ಸರಕಾರದ ಲೆಕ್ಕ ಎಲ್ಲವೂ ಇದ್ದಿರಲೇಬೇಕು. ಇಷ್ಟು ಶಿಸ್ತಿನ ತಿಪ್ಪೆ ತಾನಾಗಿ ಬೆಳೆಯುವುದಿಲ್ಲ.

ಈಗ ಒಂದು ಚೂರನ್ನು ಹತ್ತಿರದಿಂದ ನೋಡೋಣ. ಹಿಡಿಯ ಮೇಲೆ, ಮಣ್ಣು ಹಸಿಯಿದ್ದಾಗ ಒತ್ತಿದ ಒಂದು ಮುದ್ರೆ: ಎರಡು ಮೂರು ಅಕ್ಷರ, ಆವಿಗೆಗೆ ಅಥವಾ ಅದರ ಒಡೆಯನಿಗೆ ಸೇರಿದ ಗುರುತು. ಕತ್ತಿನ ಕೆಳಗೆ, ಹೆಗಲ ಮೇಲೆ, ಮಸಿಯಲ್ಲಿ ಬರೆದ ಸಾಲುಗಳು. ಎಲ್ಲಕ್ಕಿಂತ ಮೇಲೆ ಒಂದು ಸಂಖ್ಯೆ, ಖಾಲಿ ಗುಡಾಣದ ತೂಕ. ಅದರ ಕೆಳಗೆ ವ್ಯಾಪಾರಿಯ ಹೆಸರು. ಮತ್ತೂ ಕೆಳಗೆ ಒಳಗಿರುವ ಎಣ್ಣೆಯ ತೂಕ. ಪಕ್ಕದಲ್ಲಿ ಓರೆಯಾಗಿ, ಅವಸರದ ಕೈಬರಹದಲ್ಲಿ, ತಪಾಸಣೆಯ ಟಿಪ್ಪಣಿ: ಇಂದಿನ ಸೆವಿಲ್, ಕೊರ್ಡೋಬಾ ಅಥವಾ ಎಸಿಹಾದಲ್ಲಿ ತೂಗಿದ್ದು, ಇಂಥವರು ಪರಿಶೀಲಿಸಿದ್ದು, ಇಂಥ ಇಬ್ಬರು ಕಾನ್ಸುಲರ (ರೋಮಿನ ಅತ್ಯುನ್ನತ ಅಧಿಕಾರಿಗಳ) ವರ್ಷದಲ್ಲಿ. ರೋಮನ್ನರು ವರ್ಷವನ್ನು ಆ ವರ್ಷದ ಕಾನ್ಸುಲರ ಹೆಸರಿನಿಂದ ಗುರುತಿಸುತ್ತಿದ್ದರು. ಕಾನ್ಸುಲರ ಪಟ್ಟಿ ನಮ್ಮ ಬಳಿ ಇರುವುದರಿಂದ ಆ ಬೋಕಿ ಯಾವ ಇಸವಿಯದೆಂದು ಖಚಿತವಾಗಿ ಹೇಳಬಹುದು. ಬೇರೆಡೆ ಮಡಕೆ ಚೂರಿನ ಕಾಲವನ್ನು ಒಂದು ಶತಮಾನದ ಆಸುಪಾಸಿಗೆ ತಂದು ನಿಲ್ಲಿಸಿದರೇ ದೊಡ್ಡದು. ಇಲ್ಲಿ ಚೂರು ತನ್ನ ಜನ್ಮ ವರ್ಷವನ್ನು ತಾನೇ ಹೇಳುತ್ತದೆ.

ಮಸಿ ಇಷ್ಟು ವರ್ಷ ಉಳಿದದ್ದು ಗುಡಾಣ ಒಡೆದ ಕೂಡಲೇ ಇನ್ನೊಂದು ಚೂರಿನ ಕೆಳಗೆ ಸೇರಿ, ಮಳೆ ಬಿಸಿಲಿನಿಂದ ಮರೆಯಾದ್ದರಿಂದ. ಬರೆದವರು ಇದನ್ನು ಯಾರೂ ಮುಂದೆ ಓದಲಿ ಎಂದು ಬರೆಯಲಿಲ್ಲ. ತೂಕದಲ್ಲಿ ಮೋಸವಾಗಬಾರದು, ದಾರಿಯಲ್ಲಿ ಎಣ್ಣೆ ಕದಿಯಬಾರದು, ಅಷ್ಟೇ ಅವರ ಚಿಂತೆ. ಅದಕ್ಕೇ ಈ ಬರಹವನ್ನು ನಾನು ಇಷ್ಟು ನಂಬುತ್ತೇನೆ. ವಿಜಯಸ್ತಂಭದ ಮೇಲೆ ಸುಳ್ಳು ಕೆತ್ತಿಸುವ ದೊರೆಯೂ ತನ್ನ ಎಣ್ಣೆಯ ತೂಕವನ್ನು ತಪ್ಪಾಗಿ ಬರೆಸುವುದಿಲ್ಲ.

ಇದನ್ನೆಲ್ಲ ಮೊದಲು ಕ್ರಮವಾಗಿ ಓದಿದವರು ಜರ್ಮನ್ ವಿದ್ವಾಂಸ ಹೈನ್ರಿಖ್ ಡ್ರೆಸೆಲ್. 1872ರಲ್ಲಿ ಈ ಗುಡ್ಡದ ಕೆಲಸಕ್ಕೆ ಕೈಹಾಕಿದ ಅವರು ಮುಂದೆ ರೋಮನ್ ಗುಡಾಣಗಳ ಆಕಾರಗಳಿಗೆ ಸಂಖ್ಯೆ ಕೊಟ್ಟು ಪಟ್ಟಿ ಮಾಡಿದರು. ನಮ್ಮ ಗುಂಡು ಹೊಟ್ಟೆಯ ಗುಡಾಣ ಆ ಪಟ್ಟಿಯಲ್ಲಿ 20ನೆಯದು. ಇಂದಿಗೂ ಅದನ್ನು ಡ್ರೆಸೆಲ್ 20 ಎಂದೇ ಕರೆಯುತ್ತಾರೆ. 1989ರಿಂದ ಸ್ಪೇನಿನ ಸಂಶೋಧಕರ ತಂಡ ಇಲ್ಲಿ ಉತ್ಖನನ ನಡೆಸಿತು. ಹಿಡಿಯ ಮುದ್ರೆಯನ್ನು ಗ್ವಾದಲ್‌ಕಿವಿರ್ ದಂಡೆಯ ಆವಿಗೆಗಳಲ್ಲಿ ಸಿಕ್ಕ ಮುದ್ರೆಯೊಡನೆ ತಾಳೆ ಹಾಕಿದರೆ ಗುಡಾಣದ ಹುಟ್ಟೂರು ಸಿಗುತ್ತದೆ. ಅದೇ ಮುದ್ರೆಗಳು ಬ್ರಿಟನ್ನಿನ ಮತ್ತು ಜರ್ಮನಿಯ ಗಡಿ ಶಿಬಿರಗಳಲ್ಲೂ ಸಿಕ್ಕಿವೆ. ಆಲಿವ್ ಬೆಳೆಯದ ಆ ಚಳಿ ನಾಡಿನಲ್ಲಿ ಕಾವಲು ನಿಂತ ಸೈನಿಕನಿಗೂ ಸ್ಪೇನಿನ ಎಣ್ಣೆಯೇ ಬೇಕಿತ್ತು.

ಇಷ್ಟೊಂದು ಎಣ್ಣೆ ಏನಾಯಿತು? 5.3 ಕೋಟಿಯನ್ನು 70ರಿಂದ ಗುಣಿಸಿದರೆ ಸುಮಾರು 370 ಕೋಟಿ ಲೀಟರ್. ಗುಡ್ಡ ಬೆಳೆದ ಸುಮಾರು ಎರಡೂವರೆ ಶತಮಾನಕ್ಕೆ ಹಂಚಿದರೆ ವರ್ಷಕ್ಕೆ ಒಂದೂವರೆ ಕೋಟಿ ಲೀಟರ್. ಹತ್ತು ಲಕ್ಷ ಜನರ ನಗರವೆಂದು ಹಿಡಿದರೆ ತಲೆಗೆ 15 ಲೀಟರ್. ಇದು ಒರಟು ಲೆಕ್ಕ, ಆದರೂ ಅಳತೆಯ ಕಲ್ಪನೆ ಕೊಡುತ್ತದೆ. ಅಡುಗೆಗಷ್ಟೇ ಅಲ್ಲದೆ ಮನೆಯ ದೀಪಕ್ಕೂ ಎಣ್ಣೆ ಬೇಕಿತ್ತು. ಸ್ನಾನಕ್ಕೂ ಬೇಕಿತ್ತು: ಮೈಗೆ ಎಣ್ಣೆ ಹಚ್ಚಿಕೊಂಡು, ಬಾಗಿದ ಲೋಹದ ಪಟ್ಟಿಯಿಂದ ಬೆವರು ಕೊಳೆ ಸಮೇತ ಕೆರೆದು ತೆಗೆಯುತ್ತಿದ್ದರು.

ಆದರೆ ಈ ಗುಡ್ಡದಲ್ಲಿ ನನ್ನನ್ನು ಅತಿ ಹೆಚ್ಚು ಕಾಡುವುದು ವ್ಯಾಪಾರಿಯ ಹೆಸರಿನ ಆ ಸಾಲು. ಕ್ರಿ.ಶ. ಎರಡನೆಯ ಶತಮಾನದ ಪದರಗಳಲ್ಲಿ ಅಲ್ಲಿ ಖಾಸಗಿ ವರ್ತಕರ, ಅವರ ಕುಟುಂಬಗಳ ಹೆಸರುಗಳಿವೆ. 197ರಲ್ಲಿ ಚಕ್ರವರ್ತಿ ಸೆಪ್ಟಿಮಿಯಸ್ ಸೆವೆರಸ್ ತನ್ನ ಎದುರಾಳಿ ಕ್ಲೋಡಿಯಸ್ ಆಲ್ಬಿನಸ್‌ನನ್ನು ಇಂದಿನ ಫ್ರಾನ್ಸಿನ ಲಿಯೋನ್ ಬಳಿ ಸೋಲಿಸಿದ. ಸೋತವನ ಪಕ್ಷದಲ್ಲಿದ್ದ ಸಿರಿವಂತರ ಆಸ್ತಿ ಮುಟ್ಟುಗೋಲಾಯಿತು. ಅದಾದ ಕೆಲವೇ ವರ್ಷಗಳಲ್ಲಿ ಬೋಕಿಗಳ ಮೇಲೆ ವರ್ತಕರ ಹೆಸರು ಮಾಯವಾಗಿ, ಆ ಜಾಗದಲ್ಲಿ ಸೆವೆರಸ್ ಮತ್ತು ಅವನ ಮಕ್ಕಳ ಹೆಸರು ಬರುತ್ತದೆ. ಎಣ್ಣೆಯ ವ್ಯವಹಾರ ಅರಮನೆಯ ಕೈಗೆ ಹೋಗಿತ್ತು. ರೋಮಿನ ಜನರಿಗೆ ಪುಕ್ಕಟೆ ಎಣ್ಣೆ ಹಂಚುವ ಕ್ರಮ ತಂದವನೂ ಇದೇ ಸೆವೆರಸ್. ಒಂದು ಕಡೆ ಊರಿಗೆಲ್ಲ ಎಣ್ಣೆಯ ದಾನ, ಇನ್ನೊಂದು ಕಡೆ ಯಾರದೋ ತೋಟದ ಲೂಟಿ. ಎರಡೂ ಒಂದೇ ಗುಡಾಣದ ಹೆಗಲ ಮೇಲೆ ಕುಳಿತಿವೆ. ಕೆಲವು ದಶಕಗಳ ನಂತರ ಖಾಸಗಿ ಹೆಸರುಗಳು ಮತ್ತೆ ಕಾಣಿಸಿಕೊಳ್ಳುತ್ತವೆ.

ನಮ್ಮ ಚಂದ್ರವಳ್ಳಿಯಲ್ಲಿ, ಬೆಂಗಳೂರಿನ ಯಶವಂತಪುರದಲ್ಲಿ ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕಿವೆ. ನಾಣ್ಯ ಸಿಕ್ಕರೆ ಸುದ್ದಿಯಾಗುತ್ತದೆ, ಚಕ್ರವರ್ತಿಯ ಮುಖ ಅದರಲ್ಲಿರುತ್ತದಲ್ಲ. ಆದರೆ ನಾಣ್ಯ ಹತ್ತಾರು ವರ್ಷ ನೂರಾರು ಕೈ ದಾಟಿ ಬಂದಿರಬಹುದು. ಬೋಕಿ ಹಾಗಲ್ಲ. ಒಡೆದ ಮೇಲೆ ಅದನ್ನು ಹೊತ್ತು ಊರೂರು ತಿರುಗುವವರು ಯಾರಿದ್ದಾರೆ? ಪುದುಚೇರಿ ಬಳಿಯ ಅರಿಕಮೇಡು, ಕೇರಳದ ಪಟ್ಟಣಂ, ಈ ಎರಡೂ ಕಡೆ ಸಿಕ್ಕ ರೋಮನ್ ಗುಡಾಣದ ಚೂರುಗಳನ್ನು ಗುರುತಿಸಲು ವಿದ್ವಾಂಸರು ತೆರೆದು ನೋಡುವುದು ಡ್ರೆಸೆಲ್ಲರ ಅದೇ ಪಟ್ಟಿಯನ್ನು. ಅಲ್ಲಿ ಹೆಚ್ಚಾಗಿ ಕಾಣುವುದು ದ್ರಾಕ್ಷಾರಸ ತುಂಬಿ ಬಂದ ಬೇರೆ ಆಕಾರದವು. ರೋಮಿನ ತಿಪ್ಪೆಯಲ್ಲಿ ಶುರುವಾದ ಲೆಕ್ಕ ಮಲಬಾರಿನ ಕರಾವಳಿಯವರೆಗೂ ಉಪಯೋಗಕ್ಕೆ ಬಂದಿದೆ.

ಕ್ರಿ.ಶ. ಮೂರನೆಯ ಶತಮಾನದ ಮಧ್ಯದ ಹೊತ್ತಿಗೆ ಗುಡ್ಡ ಬೆಳೆಯುವುದು ನಿಂತಿತು. ಮುಂದೆ ಜನ ಅದರ ಬುಡವನ್ನು ಕೊರೆದು ದ್ರಾಕ್ಷಾರಸದ ನೆಲಮಾಳಿಗೆಗಳನ್ನು ಮಾಡಿಕೊಂಡರು. ಬೋಕಿಗಳ ಸಂದಿಯಿಂದ ಗಾಳಿಯಾಡುವುದರಿಂದ ಒಳಗೆ ಬೇಸಿಗೆಯಲ್ಲೂ ತಂಪು. ಈಗ ಅಂಥ ಕೆಲವು ಮಾಳಿಗೆಗಳು ಹೋಟೆಲುಗಳಾಗಿವೆ. ಹಿಂಬದಿಯ ಗೋಡೆಗೆ ಗಾಜು ಹಾಕಿರುತ್ತಾರೆ. ಊಟಕ್ಕೆ ಕುಳಿತವರಿಗೆ ಅದರಾಚೆ, ಕೈಯಳತೆಯ ದೂರದಲ್ಲಿ, ಒಂದರ ಮೇಲೊಂದು ಒಟ್ಟಿದ ಹಿಡಿಗಳು, ಕತ್ತುಗಳು, ಗುಂಡು ಹೊಟ್ಟೆಯ ಚೂರುಗಳು ಕಾಣುತ್ತವೆ. ಮೇಜಿನ ಮೇಲೆ ಆಲಿವ್ ಎಣ್ಣೆಯ ಶೀಸೆ ಇರುತ್ತದೆ.