ಆರರ ಮೇಲೆ ಆರು: ಯಾಮ್ ಭಾಷೆಗಳ ಲೆಕ್ಕಾಚಾರ

ಗೆಡ್ಡೆ ರಾಶಿಯ ಮುಂದೆ ಇಬ್ಬರು ನಿಲ್ಲುತ್ತಾರೆ. ತಲಾ ಮೂರು ಗೆಡ್ಡೆ ಎತ್ತಿ ಪಕ್ಕದಲ್ಲಿ ಹೊಸ ರಾಶಿ ಹಾಕುತ್ತಾರೆ. ಅಲ್ಲಿಗೆ ಒಂದು ಸರದಿ, ಆರು ಗೆಡ್ಡೆ. ಆರು ಸರದಿಗೆ 36. ಅಂಥವು ಆರಾದರೆ 216, ಮತ್ತೆ ಆರಾದರೆ 1296, ಇನ್ನೂ ಮುಂದೆ ಹೋದರೆ 7776. ಇಷ್ಟಕ್ಕೂ ಒಂದೊಂದು ಸ್ವಂತ ಹೆಸರಿದೆ. ಎಣಿಸುತ್ತಿರುವುದು ಯಾಮ್, ಅಂದರೆ ನಮ್ಮ ಹೆಗ್ಗೆಣಸಿನ ಬಳಗದ ಬಳ್ಳಿಗೆಡ್ಡೆ. ಎಣಿಸುವವರು ನ್ಯೂಗಿನಿ ದ್ವೀಪದ ದಕ್ಷಿಣದ ಬಯಲಿನವರು. ಅಲ್ಲಿ ಮಳೆಗಾಲದಲ್ಲಿ ನೆಲವೆಲ್ಲ ನೀರು, ಬೇಸಿಗೆಯಲ್ಲಿ ಒಣಹುಲ್ಲು. ಬೆಳೆದದ್ದನ್ನು ಕೂಡಿಟ್ಟು ವರ್ಷ ಕಳೆಯಬೇಕಾದ ಊರಿನಲ್ಲಿ ದಾಸ್ತಾನಿನ ಲೆಕ್ಕಕ್ಕೆ ಬೆಲೆ ಬರುವುದು ಸಹಜವೇ.

ಈ ಜನರ ಭಾಷಾ ಕುಟುಂಬಕ್ಕೂ ಯಾಮ್ ಎಂದೇ ಹೆಸರು. ಇದರಲ್ಲಿರುವುದು ಸುಮಾರು ಹದಿನೈದಿಪ್ಪತ್ತು ಭಾಷೆ. ಹೆಚ್ಚಿನವು ಪಪುವಾ ನ್ಯೂಗಿನಿಯಲ್ಲಿ, ಉಳಿದ ಕೆಲವು ಗಡಿಯಾಚೆ ಇಂಡೊನೇಷ್ಯಾದ ಮೆರೌಕೆ ಕಡೆಗೆ. ಇವುಗಳಲ್ಲೊಂದಾದ ಕೊಮ್ನ್ಜೊ ಭಾಷೆಯನ್ನಾಡುವವರು ಇನ್ನೂರರ ಆಸುಪಾಸು. 'ಪಪುವಾ ಭಾಷೆ' ಎಂಬುದು ಒಂದು ಕುಟುಂಬದ ಹೆಸರಲ್ಲ ಎನ್ನುವುದನ್ನೂ ಇಲ್ಲೇ ಹೇಳಿಬಿಡಬೇಕು. ಆ ಭಾಗದಲ್ಲಿ ಆಸ್ಟ್ರೊನೇಷ್ಯನ್ (ಮಲಯ, ಫಿಜಿಯಂಥ ದ್ವೀಪಭಾಷೆಗಳ ದೊಡ್ಡ ಕುಟುಂಬ) ಅಲ್ಲದ, ಆಸ್ಟ್ರೇಲಿಯದ ಮೂಲನಿವಾಸಿಗಳದೂ ಅಲ್ಲದ ನೂರಾರು ಭಾಷೆಗಳನ್ನು ಒಟ್ಟಿಗೆ ತುಂಬಿದ ಚೀಲ ಅದು. ಅದರೊಳಗೇ ಒಂದಕ್ಕೊಂದು ನಂಟು ಕಾಣದ ಹತ್ತಾರು ಕುಟುಂಬಗಳಿವೆ. ಎಣಿಕೆಯಲ್ಲೂ ಅಷ್ಟೇ: ಗುಡ್ಡಗಾಡಿನ ಒಕ್ಸಾಪ್ಮಿನ್ ಜನ ಬೆರಳು, ಮೊಣಕೈ, ಮೂಗು ಎಂದು ಮೈಯ 27 ಜಾಗಗಳನ್ನು ಮುಟ್ಟಿ ಎಣಿಸುತ್ತಾರೆ. ಯಾಮ್ ಬಯಲಿನ ಆರಕ್ಕೂ ಬೆರಳಿಗೂ ಸಂಬಂಧವಿದ್ದಂತಿಲ್ಲ. ಎರಡು ಆಳು, ತಲಾ ಮೂರು ಗೆಡ್ಡೆ ಎಂಬ ಕೆಲಸದ ಲಯದಿಂದಲೇ ಅದು ಹುಟ್ಟಿರಬೇಕು ಎಂದು ನನಗನ್ನಿಸುತ್ತದೆ.

ಈಗ ಹೆಸರುಗಳನ್ನು ನೋಡಿ. 216ಕ್ಕೆ ಕೊಮ್ನ್ಜೊದಲ್ಲಿ ತರುಬ, ನೆನ್ ಭಾಷೆಯಲ್ಲಿ ತರೊಂಬ, ಗಡಿಯಾಚೆಯ ಙ್ಕೊಲ್ಂಪುವಿನಲ್ಲಿ ತರುಂಪಾವೊ. 1296ಕ್ಕೆ ಕೊಮ್ನ್ಜೊ, ನೆನ್ ಎರಡರಲ್ಲೂ ದಮ್ನೊ. ಇವು ಒಂದೇ ಬೇರಿನವು ಎಂದು ಯಾರಿಗಾದರೂ ಹೊಳೆದೀತು.

ಆದರೆ ಕುಟುಂಬ ಒಂದೇ ಎನ್ನಲು ಇಷ್ಟೇ ಸಾಕೆ? ಸಾಲದು. ಅಲ್ಲಿ ಹೆಣ್ಣನ್ನು ಕೊಟ್ಟು ತರುವ ಅದಲುಬದಲು ಮದುವೆಯಿದೆ: ಈ ಕಡೆಯವನು ಆ ಕಡೆಯವನ ತಂಗಿಯನ್ನು ಮದುವೆಯಾದರೆ ಅವನಿಗೆ ಇವನ ತಂಗಿ. ಸೊಸೆ ಬಂದದ್ದು ನೆರೆಭಾಷೆಯ ಹಳ್ಳಿಯಿಂದಾದರೆ ಮನೆಯಲ್ಲಿ ಹುಟ್ಟುವ ಮಗುವಿಗೆ ಅಪ್ಪನ ನುಡಿ, ಅಮ್ಮನ ನುಡಿ ಎರಡೂ ಬರುತ್ತವೆ. ಮೂರು ನಾಲ್ಕು ಭಾಷೆ ಬಲ್ಲವರು ಅಪರೂಪವಲ್ಲ. ಗೆಡ್ಡೆ, ಔತಣ, ನೆಂಟಸ್ತನ ಇವುಗಳ ಜೊತೆ ಸಂಖ್ಯೆಯ ಹೆಸರೂ ಊರಿಂದೂರಿಗೆ ಹೋಗಬಲ್ಲದು. ಪದಗಳು ಸಲೀಸಾಗಿ ಎರವಲಾಗುತ್ತವೆ. ವ್ಯಾಕರಣದ ಒಳಗಟ್ಟು ಅಷ್ಟು ಸುಲಭವಾಗಿ ಕೈ ಬದಲಾಯಿಸುವುದಿಲ್ಲ.

ಹಾಗಾಗಿ ಭಾಷಾವಿಜ್ಞಾನಿಗಳಾದ ನಿಕೊಲಸ್ ಇವಾನ್ಸ್ ನೆನ್ ಬಗ್ಗೆ, ಕ್ರಿಸ್ಟಿಯನ್ ಡೋಲರ್ ಕೊಮ್ನ್ಜೊ ಬಗ್ಗೆ ಮಾಡಿದ ಕೆಲಸದಲ್ಲಿ ನನಗೆ ಹೆಚ್ಚು ರುಚಿಸುವುದು ಕ್ರಿಯಾಪದದ ಭಾಗ. ಕನ್ನಡದಲ್ಲಿ 'ಬಂದರು' ಎಂದರೆ ಆ ಕೊನೆಯ 'ಅರು' ಒಂದೇ ಸಾಕು, ಬಹುವಚನ ಗೊತ್ತಾಗುತ್ತದೆ. ಸಂಸ್ಕೃತದ ದ್ವಿವಚನಕ್ಕೂ ಅದರದೇ ಪ್ರತ್ಯಯಗಳಿವೆ. ಯಾಮ್ ಭಾಷೆಗಳಲ್ಲಿ ವಚನ ಒಂದು ಕಡೆ ಕೂತಿರುವುದಿಲ್ಲ. ಕ್ರಿಯಾಪದದ ಒಂದು ಜಾಗ 'ಒಬ್ಬರೋ, ಅಲ್ಲವೋ' ಎಂದಷ್ಟೇ ಹೇಳುತ್ತದೆ. ಇನ್ನೊಂದು ಜಾಗ 'ಇಬ್ಬರೋ, ಅಲ್ಲವೋ' ಎನ್ನುತ್ತದೆ. ಕೇಳುವವರು ಎರಡನ್ನೂ ಕೂಡಿಸಿಕೊಳ್ಳಬೇಕು. ಒಬ್ಬರು ಹೌದು, ಇಬ್ಬರಲ್ಲ: ಏಕವಚನ. ಒಬ್ಬರಲ್ಲ, ಇಬ್ಬರು ಹೌದು: ದ್ವಿವಚನ. ಒಬ್ಬರೂ ಅಲ್ಲ, ಇಬ್ಬರೂ ಅಲ್ಲ: ಮೂರು ಅಥವಾ ಹೆಚ್ಚು. ಅರ್ಥವನ್ನು ಹೀಗೆ ಪದದ ಉದ್ದಕ್ಕೂ ಹಂಚಿಡುವ ಕ್ರಮ ನೆನ್, ಕೊಮ್ನ್ಜೊ, ಙ್ಕೊಲ್ಂಪು ಮೂರರಲ್ಲೂ ಇದೆ. ಕಾಲ ಮತ್ತು ಕೆಲಸ ಮುಗಿದಿದೆಯೋ ಇಲ್ಲವೋ ಎಂಬುದನ್ನೂ ಇದೇ ರೀತಿ ಪದದ ಹಲವು ತುಣುಕುಗಳಿಂದ ಹೆಕ್ಕಿಕೊಳ್ಳಬೇಕು. ಸಣ್ಣ ಭಾಷೆ ಎಂದರೆ ಸರಳ ಭಾಷೆ ಎಂದುಕೊಂಡವರು ಇಲ್ಲಿಗೆ ಬರಬೇಕು.

ಎರಡು ಜಾಗ, ಎರಡೆರಡು ಆಯ್ಕೆ ಎಂದಮೇಲೆ ಕೂಡಿಕೆಗಳು ನಾಲ್ಕಾಗುತ್ತವೆ. ಮೂರರ ಲೆಕ್ಕ ಸಿಕ್ಕಿತು. ಉಳಿದದ್ದು 'ಒಬ್ಬರು, ಮತ್ತು ಇಬ್ಬರು' ಎಂಬ ವಿಚಿತ್ರ ಜೋಡಿ. ತರ್ಕಕ್ಕೆ ಅದು ಕೂಡದು. ಕುಟುಂಬದ ಕೆಲವು ಭಾಷೆಗಳಲ್ಲಿ ಕೆಲವು ಕ್ರಿಯಾಪದಗಳು ಅದನ್ನೂ ದಂಡ ಮಾಡಿಲ್ಲ. ಅಲ್ಲಿ ಆ ಜೋಡಿ ಬಂದರೆ ಅರ್ಥ: ಬಹಳ, ತುಂಬಾ ಬಹಳ.