ಇಲಿ ಬಿದ್ದ ಮನೆಗೆ ಸುಣ್ಣ ಬಳಿದ ಕಾಲ

ಇಲಾಖೆಗೆ ಹೊಸದಾಗಿ ಸೇರುವ ಆರೋಗ್ಯ ನಿರೀಕ್ಷಕರಿಗೆ ನಾನು ಪ್ಲೇಗಿನಿಂದಲೇ ಪಾಠ ಶುರು ಮಾಡುತ್ತೇನೆ. "ಸರ್, ಅದು ಅಜ್ಜಿ ಕಾಲದ ರೋಗ ಅಲ್ವಾ?" ಅನ್ನುತ್ತಾರೆ. ರೋಗ ಹಳೆಯದು, ನಿಜ. ಆದರೆ 2020ರ ಮಾರ್ಚ್‌ನಲ್ಲಿ ಕೊರೋನಾಗೆ ನಾವು ಹಿಡಿದ ಕಾನೂನು ಪ್ಲೇಗಿಗೆಂದು 1897ರಲ್ಲಿ ಬ್ರಿಟಿಷರು ಮಾಡಿದ್ದೇ. ನಾಲ್ಕೇ ನಾಲ್ಕು ಸೆಕ್ಷನ್ನಿನ ಕಾನೂನು. ಅದರಲ್ಲಿ ಒಂದು ಪೂರ್ತಿ ಸೆಕ್ಷನ್, ಒಳ್ಳೆಯ ಉದ್ದೇಶದಿಂದ ಏನು ಮಾಡಿದರೂ ಅಧಿಕಾರಿಯ ಮೇಲೆ ಕೇಸು ಹಾಕುವಂತಿಲ್ಲ ಅನ್ನುವುದಕ್ಕೇ ಮೀಸಲು!

1896ರಲ್ಲಿ ಮುಂಬೈಗೆ ಬಂದ ಪ್ಲೇಗು ಹುಬ್ಬಳ್ಳಿ ದಾಟಿ 1898ರ ಆಗಸ್ಟ್‌ನಲ್ಲಿ ಬೆಂಗಳೂರಿಗೆ ಬಂತು. ಆಗ ಇದು ಎರಡು ಊರು. ಪೇಟೆ ಮೈಸೂರು ಸಂಸ್ಥಾನದ್ದು, ದಂಡು (ಕಂಟೋನ್ಮೆಂಟ್) ಬ್ರಿಟಿಷರದ್ದು. ಎರಡೂ ಕಡೆ ಮದ್ದು ಮಾತ್ರ ಒಂದೇ ತರಹ. ರೈಲಿನಿಂದ ಇಳಿದವರನ್ನು ತಡೆದು ನೋಡಿದರು. ಮನೆ ಮನೆ ಹೊಕ್ಕು ರೋಗಿಗಳನ್ನು ಹುಡುಕಿದರು. ರೋಗಿ ಆಸ್ಪತ್ರೆಗೆ, ಮನೆಯವರು ಕ್ಯಾಂಪಿಗೆ. ಆಮೇಲೆ ಬಿಸಿಲು ಬೀಳಲಿ ಅಂತ ಹೆಂಚು ಇಳಿಸಿ, ನೆಲಕ್ಕೆ ಪಾದರಸದ ದ್ರಾವಣ ಸುರಿದು, ಗೋಡೆಗೆ ಸುಣ್ಣ ಬಳಿದು, ಬಟ್ಟೆಬರೆ ಸುಟ್ಟರು.

ರೋಗ ಇರುವುದು ಕೊಳಕು ನೆಲದಲ್ಲಿ, ಕೆಟ್ಟ ಗಾಳಿಯಲ್ಲಿ ಅಂತ ಆಗಿನ ಅಧಿಕಾರಿಗಳ ನಂಬಿಕೆ. ರೋಗಾಣುವನ್ನು ಯೆರ್ಸಿನ್ 1894ರಲ್ಲೇ ಹಾಂಗ್‌ಕಾಂಗ್‌ನಲ್ಲಿ ಕಂಡುಹಿಡಿದಿದ್ದ. ಅದು ಮನುಷ್ಯನಿಗೆ ದಾಟುವುದು ಹೇಗೆ ಅನ್ನುವುದೇ ಗೊತ್ತಿರಲಿಲ್ಲ. ಇಲಿಯ ಮೈಮೇಲಿನ ಚಿಗಟದಿಂದ ಅಂತ ಪಾಲ್ ಲೂಯಿ ಸಿಮೊಂಡ್ ಕರಾಚಿಯಲ್ಲಿ ಪ್ರಯೋಗ ಮಾಡಿ ತೋರಿಸಿದ್ದು 1898ರ ಜೂನ್‌ನಲ್ಲಿ, ಬೆಂಗಳೂರಿಗೆ ಪ್ಲೇಗು ಬರುವ ಎರಡು ತಿಂಗಳ ಮುಂಚೆ. ಹೆಚ್ಚಿನವರು ನಂಬಲಿಲ್ಲ. 1905ರಲ್ಲಿ ಶುರುವಾದ ಪ್ಲೇಗ್ ಆಯೋಗದ ಪ್ರಯೋಗಗಳು ಬರುವವರೆಗೂ ಸುಣ್ಣವೇ ಗತಿ.

ನಡೆಯುವುದು ಹೀಗೆ. ಪ್ಲೇಗು ತಗುಲಿದ ಇಲಿ ಸಾಯುತ್ತದೆ, ಮೈ ತಣ್ಣಗಾಗುತ್ತದೆ. ಚಿಗಟಕ್ಕೆ ಬಿಸಿ ರಕ್ತ ಬೇಕು, ಇಲಿ ಬಿಟ್ಟು ಹೊರಡುತ್ತದೆ. ಬೇರೆ ಇಲಿ ಸಿಕ್ಕದಿದ್ದರೆ ಮನುಷ್ಯ. ಅಷ್ಟರಲ್ಲಿ ಚಿಗಟದ ಹೊಟ್ಟೆಯ ಬಾಯಿಯಲ್ಲಿ ರೋಗಾಣು ಗಂಟು ಕಟ್ಟಿರುತ್ತದೆ. ಹೀರಿದ ರಕ್ತ ಒಳಗೆ ಹೋಗದೆ ರೋಗಾಣುವಿನ ಸಮೇತ ಗಾಯಕ್ಕೇ ವಾಪಸ್ ಬರುತ್ತದೆ. ಚಿಗಟ ಕಚ್ಚುವುದು ಕಾಲಿಗೇ ಜಾಸ್ತಿ, ಅದಕ್ಕೇ ಪ್ಲೇಗಿನ ಗೆಡ್ಡೆ ಏಳುವುದೂ ತೊಡೆಸಂದಿನಲ್ಲೇ ಜಾಸ್ತಿ. ಇದರಲ್ಲಿ ಸುಣ್ಣಕ್ಕೆ ಏನು ಕೆಲಸ? ಗದ್ದಲಕ್ಕೆ ಇಲಿ ಪಕ್ಕದ ಮನೆಗೆ ಓಡಿದರೆ ಚಿಗಟವೂ ಜೊತೆಗೇ ಹೋಗುತ್ತದೆ.

ನಮ್ಮ ಹಳ್ಳಿಯವರು ಚಿಗಟದ ವಿಷಯ ಬಲ್ಲವರಲ್ಲ. ಆದರೆ "ಇಲಿ ಬಿತ್ತು", ಅಂದರೆ ಮನೆಯಲ್ಲಿ ಇಲಿ ಸತ್ತು ಬಿತ್ತು ಅಂದರೆ, ಊರು ಬಿಡಬೇಕು ಅನ್ನುವುದನ್ನು ಬೇಗನೆ ಕಲಿತರು. ಹೊಲದಲ್ಲಿ, ತೋಪಿನಲ್ಲಿ ಗುಡಿಸಲು ಹಾಕಿಕೊಂಡು ತಿಂಗಳುಗಟ್ಟಲೆ ಇರುತ್ತಿದ್ದರು. ಇಲಿ ಮನೆಯಲ್ಲಿ, ಜನ ಬಯಲಲ್ಲಿ. ನನ್ನ ಲೆಕ್ಕದಲ್ಲಿ ಆ ಕಾಲದ ಅತ್ಯುತ್ತಮ ಪ್ಲೇಗ್ ನಿಯಂತ್ರಣ ಇದೇ. ಸರ್ಕಾರದ ಕ್ಯಾಂಪೂ ಮಾಡಿದ್ದು ಇದನ್ನೇ, ಮನೆ ಖಾಲಿ ಮಾಡಿಸುವುದನ್ನು. ಆದರೆ ಒಬ್ಬರು ಮಲಗಿದ ಮೇಲೆ, ಪೊಲೀಸರ ಕೈಯಲ್ಲಿ. ಪರಿಣಾಮ ಏನು? ಜನ ರೋಗಿಯನ್ನು ಅಟ್ಟದ ಮೇಲೆ ಬಚ್ಚಿಟ್ಟರು, ಹೆಣವನ್ನು ಗುಟ್ಟಾಗಿ ಹೂತರು. ನಮ್ಮ ಕೆಲಸದಲ್ಲಿ ಬಚ್ಚಿಟ್ಟ ಒಂದು ಕೇಸು ಕಣ್ಣಿಗೆ ಕಂಡ ಹತ್ತು ಕೇಸಿಗಿಂತ ದುಬಾರಿ.

ಇದರ ನಡುವೆ ನೆನೆಯಬೇಕಾದವರು ಡಾ. ಪಲ್ಪು. ಈಳವ ಜಾತಿಯವರು ಅಂತ ಕೇರಳದ ತಿರುವಾಂಕೂರು ಸಂಸ್ಥಾನ ಕೆಲಸ ಕೊಡಲಿಲ್ಲ. ಮೈಸೂರು ಕೊಟ್ಟಿತು. ಬೆಂಗಳೂರಿನ ಪ್ಲೇಗಿನಲ್ಲಿ ಜೀವದ ಹಂಗು ತೊರೆದು ದುಡಿದವರು.

1891ರ ಜನಗಣತಿಯಲ್ಲಿ ಪೇಟೆ, ದಂಡು ಸೇರಿ ಸುಮಾರು 1,80,000 ಜನ. 1901ರಲ್ಲಿ 1,59,000. ಸತ್ತವರಷ್ಟೇ ಅಲ್ಲ, ಊರು ಬಿಟ್ಟವರೂ ಈ ಇಳಿಕೆಯಲ್ಲಿ ಸೇರಿದ್ದಾರೆ. ಪ್ಲೇಗಿಗೆ ಮೊದಲೇ ನಕ್ಷೆಯಾಗಿದ್ದ ಮಲ್ಲೇಶ್ವರ, ಬಸವನಗುಡಿ ಆಮೇಲೆ ಭರದಿಂದ ಬೆಳೆದವು. ಅಗಲ ರಸ್ತೆ, ಗಾಳಿ ಬೆಳಕು. ಚಂದದ ಬಡಾವಣೆಗಳೇ, ಅನುಮಾನವಿಲ್ಲ. ಆದರೆ ಮನೆಗಳ ಹಿಂದಿನ ಕನ್ಸರ್ವೆನ್ಸಿ ಗಲ್ಲಿಯನ್ನು ನೋಡಿ. ಮಲ ಹೊರುವವರು ಮುಂಬಾಗಿಲಿಗೆ ಬರದೆ ಹಿಂದಿನಿಂದಲೇ ಬಂದು ಹೋಗಲಿ ಅಂತ ಬಿಟ್ಟ ಜಾಗ ಅದು. ನೈರ್ಮಲ್ಯ ಅನ್ನುವುದು ಆ ಜನರ ತಲೆಯ ಮೇಲೆ ನಿಂತಿತ್ತು, ಅಕ್ಷರಶಃ. ತಲೆಹೊರೆಗೆ ಕರ್ನಾಟಕದಲ್ಲಿ ನಿಷೇಧ ಬಂದಿದ್ದು 1970ರ ದಶಕದಲ್ಲಿ, ಬಿ. ಬಸವಲಿಂಗಪ್ಪ ಸಚಿವರಾಗಿದ್ದಾಗ.

ಕಾಡಿನ ಇಲಿಗಳಲ್ಲಿ ಪ್ಲೇಗು ವರ್ಷಾನುಗಟ್ಟಲೆ ಸದ್ದಿಲ್ಲದೆ ಉಳಿಯಬಲ್ಲದು. ಅದಕ್ಕೇ ಬೆಂಗಳೂರಿನಲ್ಲಿ ಕೇಂದ್ರ ಸರ್ಕಾರದ ಪ್ಲೇಗ್ ಕಣ್ಗಾವಲು ಘಟಕ ಇದೆ. ವಿಷ ಇಟ್ಟಿಲ್ಲ, ಆದರೂ ಕಣಜದಲ್ಲೋ ಅಟ್ಟದಲ್ಲೋ ಇಲಿಗಳು ಗುಂಪಾಗಿ ಸತ್ತು ಬಿದ್ದಿದ್ದರೆ ಬರಿಗೈಯಲ್ಲಿ ಮುಟ್ಟಬೇಡಿ, ಗುಡಿಸಲೂ ಬೇಡಿ. ಆ ಕೋಣೆಯಿಂದ ಹೊರಗೆ ಬಂದು ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ತಿಳಿಸಿ. ಜ್ವರ ಬಂದು ಗೆಡ್ಡೆ ಕಂಡರೆ ಅವತ್ತೇ ಹೋಗಿ. ಆಗ ಇಲ್ಲದ ಆಂಟಿಬಯೋಟಿಕ್ ಈಗ ಇದೆ.